ಓದಿದ್ದೆಲ್ಲ ಗೊತ್ತು ಅನ್ನಿಸುತ್ತದೆ, ಪರೀಕ್ಷೆಯಲ್ಲಿ ಬರುವುದಿಲ್ಲ ಏಕೆ?

ಕಲಿಯುವುದು, ಕಲಿಸುವುದು ಹೇಗೆ ಎಂಬ ಬಗ್ಗೆ ಓದುಗರು ಕಳುಹಿಸಿದ ಪ್ರಶ್ನೆಗಳಲ್ಲಿ ಕೆಲವಕ್ಕೆ ಈ ಸಲ ಉತ್ತರಿಸಿದ್ದೇವೆ. ಮನೆಯಲ್ಲೂ ಶಾಲೆಯಲ್ಲೂ ಬಹುಕಾಲದಿಂದ ಉಳಿದುಬಂದ ತಪ್ಪು ನಂಬಿಕೆಗಳು ಇವುಗಳಲ್ಲಿ ಹಲವಕ್ಕೆ ಕಾರಣ. ಹಾಗಾಗಿ ಕೆಲವು ಉತ್ತರಗಳು ಉದ್ದವಾಗಿವೆ.

ಮಗಳು ಈ ವರ್ಷ ಎಸ್ಸೆಸ್ಸೆಲ್ಸಿ. ರಾತ್ರಿ ಹನ್ನೊಂದರವರೆಗೆ ಓದಿ ಮತ್ತೆ ಬೆಳಿಗ್ಗೆ ಐದಕ್ಕೆ ಏಳುತ್ತಾಳೆ. ಒಂದೊಂದು ಪಾಠವನ್ನೂ ನಾಲ್ಕೈದು ಸಲ ಓದಿ, ಮುಖ್ಯ ಸಾಲುಗಳಿಗೆ ಹೈಲೈಟರ್ ಹಚ್ಚಿಕೊಂಡಿದ್ದಾಳೆ. ಕೇಳಿದರೆ ‘ಎಲ್ಲಾ ಬರುತ್ತಮ್ಮ’ ಅನ್ನುತ್ತಾಳೆ. ಎಫ್‌ಎ ಟೆಸ್ಟಿನಲ್ಲಿ ಅಂಕ ಮಾತ್ರ ಬರುತ್ತಿಲ್ಲ. ಇನ್ನೂ ಹೆಚ್ಚು ಓದಿಸಬೇಕೆ?
— ಒಬ್ಬ ತಾಯಿ, ಹಾಸನ

ಓದುವ ಗಂಟೆ ಹೆಚ್ಚಿಸಬೇಡಿ, ಪುಸ್ತಕ ಮುಚ್ಚಿಸಿ. ನಿಮ್ಮ ಮಗಳು ಸುಳ್ಳು ಹೇಳುತ್ತಿಲ್ಲ. ಅದೇ ಪುಟವನ್ನು ನಾಲ್ಕನೇ ಸಲ ಓದುವಾಗ ಕಣ್ಣು ಎಲ್ಲೂ ತಡವರಿಸುವುದಿಲ್ಲ. ಆ ಸರಾಗವನ್ನೇ ಮನಸ್ಸು ‘ಬಂತು’ ಎಂದುಕೊಳ್ಳುತ್ತದೆ. ದಿನಾ ಬಸ್ಸಿನಲ್ಲಿ ಕಾಣುವವರ ಮುಖ ಚೆನ್ನಾಗಿ ಗೊತ್ತಿರುತ್ತದೆ, ಹೆಸರು ಕೇಳಿದರೆ ಬಾಯಿಗೆ ಬರುವುದಿಲ್ಲವಲ್ಲ, ಹಾಗೆ. ಪರೀಕ್ಷೆ ಕೇಳುವುದು ಹೆಸರನ್ನು.

ಅಮೆರಿಕದ ಮನೋವಿಜ್ಞಾನಿಗಳಾದ ಹೆನ್ರಿ ರೋಡಿಗರ್ ಮತ್ತು ಜೆಫ್ರಿ ಕಾರ್ಪಿಕಿ 2006ರಲ್ಲಿ ಇದನ್ನು ಪರೀಕ್ಷಿಸಿ ಪ್ರಕಟಿಸಿದರು. ಕಾಲೇಜು ವಿದ್ಯಾರ್ಥಿಗಳು ಒಂದು ಸಣ್ಣ ಗದ್ಯಭಾಗವನ್ನು ಎರಡು ಸಲ ಓದುವುದು ಒಂದು ಕ್ರಮ. ಒಂದು ಸಲ ಓದಿ, ನೋಡದೆ ನೆನಪಿದ್ದಷ್ಟನ್ನು ಬರೆಯುವುದು ಇನ್ನೊಂದು. ಐದು ನಿಮಿಷದ ನಂತರ ಕೇಳಿದಾಗ ಎರಡು ಸಲ ಓದಿದವರು ಶೇ 81ರಷ್ಟು ನೆನಪಿಸಿಕೊಂಡರು, ಬರೆದವರು ಶೇ 75. ವಾರದ ನಂತರ ಕೇಳಿದಾಗ ಲೆಕ್ಕ ತಿರುಗಿಬಿತ್ತು: ಓದಿದವರಿಗೆ ಶೇ 42, ಬರೆದವರಿಗೆ ಶೇ 56. ಓದಿದ ಕೂಡಲೇ ‘ಬರುತ್ತದೆ’ ಅನ್ನಿಸುವುದನ್ನು ನಂಬಬಾರದು ಎನ್ನುವುದು ಇದಕ್ಕೇ. 2013ರಲ್ಲಿ ಜಾನ್ ಡನ್ಲೋಸ್ಕಿ ಮತ್ತು ಸಂಗಡಿಗರು ಓದುವ ಹತ್ತು ವಿಧಾನಗಳನ್ನು ಪರಿಶೀಲಿಸಿದಾಗ ಮತ್ತೆ ಮತ್ತೆ ಓದುವುದು, ಅಡಿಗೆರೆ ಎಳೆಯುವುದು ಎರಡೂ ಕಡಿಮೆ ಪ್ರಯೋಜನದ ಗುಂಪಿಗೆ ಸೇರಿದವು. ತನ್ನನ್ನು ತಾನೇ ಪರೀಕ್ಷಿಸಿಕೊಳ್ಳುವುದು ಮತ್ತು ದಿನಗಳ ಅಂತರ ಬಿಟ್ಟು ಅಭ್ಯಾಸ ಮಾಡುವುದು ಮೇಲಿನ ಗುಂಪಿನಲ್ಲಿ ಉಳಿದವು.

ಹೇಗೆ ಮಾಡಿಸುವುದು? ವಿಜ್ಞಾನದ ‘ಜೀವಕ್ರಿಯೆಗಳು’ ಪಾಠವನ್ನೇ ತೆಗೆದುಕೊಳ್ಳಿ. ಇಡೀ ಪಾಠ ಬೇಡ, ಹೃದಯದ ಭಾಗ ಮಾತ್ರ. 15 ನಿಮಿಷ ನಿಧಾನವಾಗಿ ಓದಲಿ, ಪುಸ್ತಕ ಮುಚ್ಚಲಿ. ಖಾಲಿ ಹಾಳೆಯಲ್ಲಿ 10 ನಿಮಿಷ: ನಾಲ್ಕು ಕೋಣೆಗಳ ಚಿತ್ರ, ಯಾವ ನಾಳ ಎಲ್ಲಿಂದ ಯಾವ ರಕ್ತ ತರುತ್ತದೆ, ರಕ್ತ ಹೃದಯವನ್ನು ಎರಡು ಸಲ ಏಕೆ ಹಾದುಹೋಗುತ್ತದೆ. ಗೊತ್ತಿಲ್ಲದ ಕಡೆ ಜಾಗ ಬಿಡಲಿ. ಆಮೇಲೆ ಪುಸ್ತಕ ತೆರೆದು ಕೆಂಪು ಪೆನ್ನಿನಲ್ಲಿ ತಿದ್ದಲಿ. ‘ಅಪಧಮನಿಯಲ್ಲಿ ಆಮ್ಲಜನಕ ಇರುವ ರಕ್ತ’ ಎಂದು ಬರೆದು, ಶ್ವಾಸಕೋಶಕ್ಕೆ ಹೋಗುವ ಅಪಧಮನಿ ಮಾತ್ರ ಇದಕ್ಕೆ ಹೊರತು ಎನ್ನುವುದನ್ನು ಬಿಟ್ಟಿರುತ್ತಾಳೆ. ನಾಲ್ಕು ಸಲ ಓದಿದರೂ ಕಾಣದ ತಪ್ಪು ಒಂದು ಹಾಳೆಯಲ್ಲಿ ಕಾಣುತ್ತದೆ. ಕೆಂಪು ಬಿದ್ದದ್ದೇ ನಾಳೆಯ ಓದು.

ಅದೇ ಭಾಗವನ್ನು ಮರುದಿನ ಒಮ್ಮೆ, ನಾಲ್ಕು ದಿನ ಬಿಟ್ಟು ಒಮ್ಮೆ, ಹತ್ತು–ಹನ್ನೆರಡು ದಿನ ಬಿಟ್ಟು ಇನ್ನೊಮ್ಮೆ ನೋಡದೆ ಬರೆಯಲಿ. ನಿಕೊಲಾಸ್ ಸೆಪೆಡಾ ಮತ್ತಿತರರ 2008ರ ಅಧ್ಯಯನದಲ್ಲಿ 35 ದಿನಗಳ ನಂತರದ ಪರೀಕ್ಷೆಗೆ ಎರಡು ಅಭ್ಯಾಸಗಳ ನಡುವೆ ಸುಮಾರು 11 ದಿನಗಳ ಅಂತರ ಹೆಚ್ಚು ಫಲ ಕೊಟ್ಟಿತ್ತು. ಪರೀಕ್ಷೆ ದೂರವಿದ್ದಷ್ಟೂ ಅಂತರ ದೊಡ್ಡದಿರಬೇಕು.

ಎರಡು ಕಡೆ ಇದು ಕೆಡುತ್ತದೆ. ಒಂದು, ನೆನಪಾಗದೆ ಅರ್ಧ ನಿಮಿಷವಾದ ಕೂಡಲೇ ಪುಸ್ತಕ ತೆರೆಯುವುದು. ಹುಡುಕಾಡುವ ಆ ಹೊತ್ತಿನಲ್ಲೇ ನೆನಪು ಗಟ್ಟಿಯಾಗುವುದು. ಎರಡು, ಮೊದಲ ವಾರದ ಅರೆಖಾಲಿ ಹಾಳೆ ನೋಡಿ ‘ನಂಗೆ ಏನೂ ಬರಲ್ಲ’ ಎಂದು ಹಳೆಯ ದಾರಿಗೆ ಮರಳುವುದು. ಆ ಹಾಳೆಗೆ ಅಂಕ ಹಾಕಬೇಡಿ, ಅಪ್ಪನಿಗೆ ತೋರಿಸುವ ಮಾತಾಡಬೇಡಿ. ಮತ್ತೆ, 13ರಿಂದ 18ರ ವಯಸ್ಸಿಗೆ 8ರಿಂದ 10 ಗಂಟೆ ನಿದ್ದೆ ಬೇಕು. ಹಗಲು ಕಲಿತದ್ದು ಗಟ್ಟಿಯಾಗುವುದರಲ್ಲಿ ನಿದ್ದೆಯ ಪಾಲು ದೊಡ್ಡದು. ಆರು ಗಂಟೆ ಮಲಗಿಸಿ ಓದಿಸುವುದು ಕಲಿತದ್ದನ್ನು ಕಳೆದುಕೊಂಡಂತೆಯೇ.

ತರಬೇತಿಯೊಂದರಲ್ಲಿ ಮಕ್ಕಳಲ್ಲಿ ನೋಡಿ ಕಲಿಯುವವರು, ಕೇಳಿ ಕಲಿಯುವವರು, ಮಾಡಿ ಕಲಿಯುವವರು ಎಂದು ಮೂರು ಬಗೆ ಇದ್ದಾರೆ, ಅವರವರಿಗೆ ತಕ್ಕಂತೆ ಪಾಠ ಮಾಡಿ ಎಂದರು. ನನ್ನ ತರಗತಿಯಲ್ಲಿ 42 ಮಕ್ಕಳು. ಗುಂಪು ಮಾಡುವುದು ಹೇಗೆ?
— ಪ್ರಾಥಮಿಕ ಶಾಲಾ ಶಿಕ್ಷಕಿ, ಬಳ್ಳಾರಿ

ಗುಂಪು ಮಾಡಬೇಡಿ ಮೇಡಂ. ಈ ನಂಬಿಕೆ ಜಗತ್ತಿನಾದ್ಯಂತ ಶಿಕ್ಷಕರಲ್ಲಿ ಬೇರೂರಿದೆ, ಆಧಾರ ಮಾತ್ರ ಇಲ್ಲ. ಕೇಳಿ ಕಲಿಯುವವರಿಗೆ ಕೇಳಿಸಿದರೆ, ನೋಡಿ ಕಲಿಯುವವರಿಗೆ ತೋರಿಸಿದರೆ ಕಲಿಕೆ ಹೆಚ್ಚುತ್ತದೆ ಎನ್ನುವುದಾದರೆ, ಅದಲುಬದಲು ಮಾಡಿದಾಗ ಕಲಿಕೆ ಕುಗ್ಗಬೇಕು. 2008ರಲ್ಲಿ ಹೆರಾಲ್ಡ್ ಪ್ಯಾಶ್ಲರ್ ಮತ್ತು ಇತರ ಮೂವರು ಮನೋವಿಜ್ಞಾನಿಗಳು ಲಭ್ಯ ಅಧ್ಯಯನಗಳನ್ನು ಈ ಪ್ರಶ್ನೆ ಇಟ್ಟುಕೊಂಡು ಜಾಲಾಡಿದರು. ಶಾಲೆಗಳಲ್ಲಿ ಅಳವಡಿಸಲು ತಕ್ಕಷ್ಟು ಪುರಾವೆ ಸಿಗಲಿಲ್ಲ. ಅದಕ್ಕೂ ಮುಂಚೆ, 2004ರಲ್ಲಿ, ಬ್ರಿಟನ್ನಿನ ಫ್ರಾಂಕ್ ಕಾಫೀಲ್ಡ್ ತಂಡ ಇಂಥ 71 ವರ್ಗೀಕರಣಗಳನ್ನು ಎಣಿಸಿತ್ತು. ಎಪ್ಪತ್ತೊಂದು ರೀತಿಯಲ್ಲಿ ಮಕ್ಕಳನ್ನು ವಿಂಗಡಿಸಲು ಹೊರಟರೆ ಪಾಠ ಮಾಡುವುದು ಯಾವಾಗ?

ಮಕ್ಕಳಿಗೆ ಇಷ್ಟಾನಿಷ್ಟ ಇರುತ್ತದೆ, ಸುಳ್ಳಲ್ಲ. ಆದರೆ ಯಾವ ರೀತಿ ಕಲಿಸಬೇಕೆಂದು ಹೇಳುವುದು ವಿಷಯವೇ. ಕೃಷ್ಣಾ, ತುಂಗಭದ್ರಾ ಹರಿಯುವ ದಾರಿಗೆ ಎಲ್ಲ ಮಕ್ಕಳಿಗೂ ನಕ್ಷೆ ಬೇಕು. ‘ಬಳೆ’ಗೂ ‘ಬಾಳೆ’ಗೂ ಇರುವ ಹ್ರಸ್ವ–ದೀರ್ಘದ ವ್ಯತ್ಯಾಸ ಎಲ್ಲರ ಕಿವಿಗೂ ಬೀಳಬೇಕು. ಕೋನಮಾಪಕ ಎಲ್ಲರ ಕೈಗೂ ಸಿಗಬೇಕು. ಚಿತ್ರದ ಜೊತೆಗೇ ಮಾತು ಸೇರಿಸಿ ವಿವರಿಸಿದರೆ ಎಲ್ಲರಿಗೂ ಅನುಕೂಲ. ‘ನಾನು ಕೇಳಿ ಕಲಿಯುವವನು’ ಎಂಬ ಹಣೆಪಟ್ಟಿ ಹಚ್ಚಿಕೊಂಡ ಹುಡುಗ ಓದುವುದನ್ನೇ ತಪ್ಪಿಸಿಕೊಳ್ಳಲು ಶುರುಮಾಡುತ್ತಾನೆ, ಅಪಾಯ ಇರುವುದು ಅಲ್ಲಿ.

ಅಂಥ ತರಬೇತಿಗಳಲ್ಲಿ ‘ಓದಿದ್ದರಲ್ಲಿ ಶೇ 10, ಕೇಳಿದ್ದರಲ್ಲಿ ಶೇ 20, ಮಾಡಿದ್ದರಲ್ಲಿ ಶೇ 90 ನೆನಪಿರುತ್ತದೆ’ ಎಂಬ ತ್ರಿಕೋನದ ಚಿತ್ರವೂ ಆಗಾಗ ಕಾಣುತ್ತದೆ. ಅದಕ್ಕೆ ಅಮೆರಿಕದ ಶಿಕ್ಷಣತಜ್ಞ ಎಡ್ಗರ್ ಡೇಲ್ ಹೆಸರು ಹಾಕುತ್ತಾರೆ. ಡೇಲ್ 1946ರಲ್ಲಿ ಬರೆದ ಚಿತ್ರದಲ್ಲಿ ಒಂದು ಅಂಕಿಯೂ ಇರಲಿಲ್ಲ, ನಂತರ ಯಾರೋ ಸೇರಿಸಿದ್ದು.

ನಾಲ್ಕನೇ ತರಗತಿಯ ಮಕ್ಕಳು ಕಳೆಯುವ ಲೆಕ್ಕದಲ್ಲಿ ಗಮನವನ್ನೇ ಕೊಡುವುದಿಲ್ಲ. ದಿನಾ 20 ಲೆಕ್ಕ ಕೊಡುತ್ತೇನೆ. 402ರಲ್ಲಿ 156 ಕಳೆಯಿರಿ ಎಂದರೆ ಒಬ್ಬ 354 ಬರೆಯುತ್ತಾನೆ, ಇನ್ನೊಬ್ಬಳು 346. ಇನ್ನೆಷ್ಟು ಅಭ್ಯಾಸ ಕೊಡಬೇಕು?
— ಶಿಕ್ಷಕ, ಯಾದಗಿರಿ ಜಿಲ್ಲೆ

ತಪ್ಪು ಉತ್ತರಗಳನ್ನು ಹಾಗೇ ಬರೆದು ಕಳಿಸಿದ್ದಕ್ಕೆ ನಿಮಗೆ ವಿಶೇಷ ಧನ್ಯವಾದ. ರೋಗಪತ್ತೆಗೆ ಬೇಕಾದ್ದೆಲ್ಲ ಆ ಎರಡು ಸಂಖ್ಯೆಯಲ್ಲಿದೆ. ಇಬ್ಬರೂ ಗಮನ ಕೊಟ್ಟೇ ಮಾಡಿದ್ದಾರೆ. ಇಬ್ಬರ ತಪ್ಪೂ ಬೇರೆ ಬೇರೆ.

354 ಬರೆದ ಹುಡುಗ ಪ್ರತಿ ಸ್ಥಾನದಲ್ಲೂ ದೊಡ್ಡ ಅಂಕಿಯಿಂದ ಚಿಕ್ಕದನ್ನು ಕಳೆದಿದ್ದಾನೆ. 2, 6 ಇದ್ದಲ್ಲಿ 4. 0, 5 ಇದ್ದಲ್ಲಿ 5. 4, 1 ಇದ್ದಲ್ಲಿ 3. ‘ದೊಡ್ಡದರಿಂದ ಚಿಕ್ಕದನ್ನು ಕಳೆಯಬೇಕು’ ಎಂದು ಒಂದನೇ ತರಗತಿಯಲ್ಲಿ ಹೇಳಿಕೊಟ್ಟದ್ದನ್ನು ನಿಷ್ಠೆಯಿಂದ ಪಾಲಿಸಿದ್ದಾನೆ. ಅವನಿಗೆ ದಶಕ ಬಿಡಿಸುವುದೇ ಗೊತ್ತಿಲ್ಲ. 346 ಬರೆದ ಹುಡುಗಿಗೆ ಅದು ಗೊತ್ತು. ಬಿಡಿಸ್ಥಾನದಲ್ಲಿ 12ರಿಂದ 6 ಕಳೆದು 6 ಸರಿಯಾಗಿ ಬರೆದಳು. ಹತ್ತರ ಸ್ಥಾನದ ಸೊನ್ನೆಯನ್ನು 9 ಮಾಡಿದಳು, ಅದೂ ಸರಿ. ಆ 9 ಬಂದದ್ದು ನೂರರ ಮನೆಯಿಂದ ಎನ್ನುವುದು ಗೊತ್ತಿಲ್ಲದೆ 4 ಅನ್ನು 4 ಆಗಿಯೇ ಉಳಿಸಿಕೊಂಡಳು. ಸರಿ ಉತ್ತರ 246.

20 ಲೆಕ್ಕ ಕೊಟ್ಟರೆ ಈ ತಪ್ಪು ನಿಯಮಗಳಿಗೇ 20 ಸಲ ಅಭ್ಯಾಸ ಸಿಗುತ್ತದೆ. ಅದರಲ್ಲಿ ದಶಕ ಬೇಡದ ಲೆಕ್ಕ ಹನ್ನೆರಡಿದ್ದರೆ ಹುಡುಗನಿಗೆ ಹನ್ನೆರಡೂ ಸರಿಬಂದು, ‘ಪರವಾಗಿಲ್ಲ, ಸ್ವಲ್ಪ ಅಜಾಗರೂಕ’ ಎಂದು ನಮಗೆ ಅನ್ನಿಸುತ್ತದೆ. ಅವನಿಗೂ ತನ್ನ ನಿಯಮ ಸರಿ ಎಂಬ ನಂಬಿಕೆ ಬಲಿಯುತ್ತದೆ.

ಹುಡುಗನನ್ನು ಮೂರಂಕಿಯಿಂದ ಎರಡಂಕಿಗೆ ಇಳಿಸಿ. 52ರಲ್ಲಿ 27. ಹತ್ತತ್ತು ಕಡ್ಡಿಯ ಐದು ಕಟ್ಟು, ಎರಡು ಬಿಡಿ ಕಡ್ಡಿ ಅವನ ಮುಂದಿಟ್ಟು ‘27 ಕಡ್ಡಿ ನನಗೆ ಕೊಡು’ ಅನ್ನಿ. ಕೊಡಲು ಏಳು ಬಿಡಿ ಕಡ್ಡಿ ಇಲ್ಲ ಎನ್ನುವುದು ಕೈಗೆ ತಿಳಿಯುತ್ತದೆ. ಕಟ್ಟು ಬಿಚ್ಚಿದ ಕೂಡಲೇ ಸ್ಲೇಟಿನಲ್ಲಿ 5 ಹೊಡೆದು 4, 2 ಹೊಡೆದು 12 ಬರೆಯಲಿ. ಕಡ್ಡಿಯ ಕೆಲಸ ಮುಗಿಸಿ ಆಮೇಲೆ ಬರೆಸಿದರೆ ಎರಡಕ್ಕೂ ನಂಟು ಬೆಳೆಯುವುದಿಲ್ಲ. ಬಿಚ್ಚುವುದು, ಬರೆಯುವುದು ಒಟ್ಟೊಟ್ಟಿಗೇ ಆಗಬೇಕು.

ಹುಡುಗಿಗೆ ಆಟದ ನೋಟು ಸಾಕು. ನೂರರ ನಾಲ್ಕು ನೋಟು, ಒಂದು ರೂಪಾಯಿಯ ಎರಡು ನಾಣ್ಯ. 156 ರೂಪಾಯಿ ಕೊಡಬೇಕು. ಒಂದು ನೂರನ್ನು ಹತ್ತು ಹತ್ತಾಗಿ ಚಿಲ್ಲರೆ ಮಾಡಿಸಲಿ, ಅದರಲ್ಲೊಂದು ಹತ್ತನ್ನು ಬಿಡಿ ಮಾಡಿಸಲಿ. ಈಗ ಕೈಯಲ್ಲಿ ಎಷ್ಟಿದೆ ಎಂದು ಎಣಿಸಿ ಹೇಳಲಿ: ನೂರು ಮೂರು, ಹತ್ತು ಒಂಬತ್ತು, ಬಿಡಿ ಹನ್ನೆರಡು. ನೂರು ಮೂರಾಗಿದೆ ಎಂದು ಅವಳ ಬಾಯಲ್ಲೇ ಬರಬೇಕು.

ಮನೆಗೆಲಸಕ್ಕೆ ಆರು ಲೆಕ್ಕ ಸಾಕು: ದಶಕ ಬೇಡದ್ದೊಂದು, ಒಮ್ಮೆ ಬೇಕಾದವು ಎರಡು, ನಡುವೆ ಸೊನ್ನೆ ಇರುವವು ಎರಡು, 500ರಂಥ ಸಂಖ್ಯೆಯಿಂದ ಕಳೆಯುವುದೊಂದು. ಪ್ರತಿ ಉತ್ತರವನ್ನೂ ಕಳೆದ ಸಂಖ್ಯೆಗೆ ಕೂಡಿ ತಾಳೆ ನೋಡಲಿ. 354ಕ್ಕೆ 156 ಕೂಡಿದರೆ 510, ಎಲ್ಲಿಯ 402!

ಮೇಲಿನ ತರಗತಿಗಳ ದಶಮಾಂಶದಲ್ಲೂ ಇದೇ ಕಥೆ. 0.35 ಮತ್ತು 0.5ರಲ್ಲಿ ಯಾವುದು ದೊಡ್ಡದು ಎಂದರೆ ‘35 ದೊಡ್ಡದು’ ಎನ್ನುವ ಮಕ್ಕಳಿದ್ದಾರೆ. ‘ನೂರನೇ ಒಂದು ಭಾಗ ಚಿಕ್ಕದು, ಹಾಗಾಗಿ ಉದ್ದ ಇದ್ದದ್ದೇ ಚಿಕ್ಕದು’ ಎನ್ನುವವರೂ ಇದ್ದಾರೆ. ಅವರಿಗೆ ಈ ಪ್ರಶ್ನೆಯಲ್ಲಿ ತಪ್ಪು ದಾರಿಯಿಂದಲೇ ಸರಿ ಉತ್ತರ ಸಿಗುತ್ತದೆ. ಜೊತೆಗೆ 0.62 ಮತ್ತು 0.4 ಕೂಡ ಕೇಳಿ. ಎರಡಕ್ಕೂ ಸರಿ ಹೇಳಿದವರಿಗೆ ಮಾತ್ರ ಗೊತ್ತಿದೆ ಎಂದುಕೊಳ್ಳಬಹುದು.

ಮಿಡ್‌ಬ್ರೇನ್ ಆಕ್ಟಿವೇಷನ್ ಎಂಬ ಕೋರ್ಸಿನಲ್ಲಿ ಮಕ್ಕಳು ಕಣ್ಣಿಗೆ ಪಟ್ಟಿ ಕಟ್ಟಿಕೊಂಡು ಓದುತ್ತಾರಂತೆ. ಮಗನ ಬಲಮೆದುಳೂ ಚುರುಕಾಗುತ್ತದೆ ಎನ್ನುತ್ತಾರೆ. ಸೇರಿಸಬಹುದೆ?
— ಒಬ್ಬ ತಂದೆ, ದಾವಣಗೆರೆ

ಸೇರಿಸಬೇಡಿ. ಮಿಡ್‌ಬ್ರೇನ್ ಎಂದರೆ ಮಧ್ಯಮೆದುಳು, ಕಣ್ಣಿನ ಚಲನೆ, ಕೇಳುವ ಶಕ್ತಿ ಮುಂತಾದವುಗಳಲ್ಲಿ ಕೆಲಸ ಮಾಡುವ ಭಾಗ. ಅದು ನಿಮ್ಮ ಮಗನಲ್ಲಿ ಹುಟ್ಟಿನಿಂದ ಕೆಲಸ ಮಾಡುತ್ತಲೇ ಇದೆ. ಪಟ್ಟಿ ಕಟ್ಟಿದಾಗ ಮೂಗಿನ ಇಕ್ಕೆಲದಲ್ಲಿ ಸಂದಿ ಉಳಿಯುತ್ತದೆ, ಮಕ್ಕಳು ಅಲ್ಲಿಂದ ಕೆಳಗೆ ನೋಡುತ್ತಾರೆ. ಗಲ್ಲದ ಕೆಳಗೆ ಅಡ್ಡಲಾಗಿ ಒಂದು ರಟ್ಟು ಹಿಡಿಯಿರಿ, ಇಲ್ಲವೇ ಪುಸ್ತಕವನ್ನು ಅವರ ತಲೆಯ ಹಿಂದೆ ಹಿಡಿದು ಓದಲು ಹೇಳಿ. ಓದು ಅಲ್ಲಿಗೆ ನಿಲ್ಲುತ್ತದೆ. ಹಣ ಹೋಗುವುದಕ್ಕಿಂತ ದೊಡ್ಡ ನಷ್ಟವೆಂದರೆ, ಇಣುಕಿ ನೋಡಿ ‘ಕಾಣದೆ ಓದಿದೆ’ ಎನ್ನುವುದನ್ನು ಮಗು ದೊಡ್ಡವರ ಮುಂದೆಯೇ ಕಲಿಯುತ್ತದೆ.

ಎಡಮೆದುಳಿನವರು ಲೆಕ್ಕದವರು, ಬಲಮೆದುಳಿನವರು ಕಲೆಗಾರರು ಎನ್ನುವುದಕ್ಕೂ ಬುಡವಿಲ್ಲ. 2013ರಲ್ಲಿ ಯೂಟಾ ವಿಶ್ವವಿದ್ಯಾಲಯದವರು ಸಾವಿರಕ್ಕೂ ಹೆಚ್ಚು ಜನರ ಮೆದುಳಿನ ಸ್ಕ್ಯಾನ್ ನೋಡಿದಾಗ ಹಾಗೆ ಒಂದು ಬದಿಯೇ ಮೇಲುಗೈಯಾದ ವ್ಯಕ್ತಿಗಳು ಸಿಗಲಿಲ್ಲ.

ನಾವು ಜರ್ಮನಿಯಲ್ಲಿದ್ದೇವೆ. ಮೂರು ವರ್ಷದ ಮಗ ಮನೆಯಲ್ಲಿ ಕನ್ನಡ, ಕಿಟಾದಲ್ಲಿ (ಇಲ್ಲಿನ ಶಿಶುವಿಹಾರ) ಜರ್ಮನ್ ಕೇಳುತ್ತಾನೆ. ಎರಡನ್ನೂ ಬೆರೆಸಿ ಮಾತಾಡುತ್ತಾನೆ. ‘ಮಗುವಿಗೆ ಗೊಂದಲ ಆಗುತ್ತೆ, ಮನೆಯಲ್ಲೂ ಜರ್ಮನ್ನೇ ಮಾತಾಡಿ’ ಎಂದು ಪರಿಚಯದವರು ಹೇಳುತ್ತಿದ್ದಾರೆ.
— ಒಬ್ಬ ತಾಯಿ, ಸ್ಟುಟ್‌ಗಾರ್ಟ್

ಕನ್ನಡ ಬಿಡಬೇಡಿ. ಬೆರೆಸುವುದು ಗೊಂದಲದ ಲಕ್ಷಣವಲ್ಲ. ಒಂದು ಭಾಷೆಯಲ್ಲಿ ಪದ ಕೈಗೆ ಸಿಗದಾಗ ಇನ್ನೊಂದರಿಂದ ತೆಗೆದುಕೊಳ್ಳುತ್ತಾನೆ, ದೊಡ್ಡವರೂ ಮಾಡುವುದು ಅದನ್ನೇ. ಎರಡು ಭಾಷೆಯ ಮಗುವಿಗೆ ಒಂದೊಂದರಲ್ಲಿ ಗೊತ್ತಿರುವ ಪದ ಸ್ವಲ್ಪ ಕಡಿಮೆ ಇರಬಹುದು, ಎರಡನ್ನೂ ಕೂಡಿದರೆ ಒಂದೇ ಭಾಷೆಯ ಮಕ್ಕಳಿಗೆ ಸಮವಾಗಿರುತ್ತದೆ. ಪದ ಎಣಿಸುವಾಗ ಎರಡು ಭಾಷೆಯದನ್ನೂ ಎಣಿಸಿ.

ಅವನು ‘ವಾಸರ್ ಕೊಡಮ್ಮ’ ಅಂದರೆ ‘ಕನ್ನಡದಲ್ಲಿ ಹೇಳು’ ಎಂದು ತಡೆಯಬೇಡಿ, ಅದು ಮಾತಿನ ಹುರುಪನ್ನೇ ಕುಗ್ಗಿಸುತ್ತದೆ. ‘ನೀರು ಬೇಕಾ ಕಂದಾ? ತಣ್ಣೀರು ಕೊಡಲಾ, ಬಿಸಿನೀರು ಕೊಡಲಾ?’ ಎಂದು ಪದವನ್ನು ನೀವೇ ಹೇಳಿ ಮಾತು ಬೆಳೆಸಿ. ಊಟ ಮಾಡಿಸುವಾಗ ‘ಊಟ ಮಾಡು’ ಎಂಬ ಒಂದೇ ಮಾತಿನಲ್ಲಿ ನಿಲ್ಲದೆ ಸಾರು, ಒಗ್ಗರಣೆ, ಸಾಸಿವೆ, ಚಿಟಪಟ ಎಲ್ಲ ಬರಲಿ. ದಿನಕ್ಕೊಂದು ಕನ್ನಡ ಚಿತ್ರಪುಸ್ತಕ ಓದಿ ಹೇಳಿ. ನಿಮ್ಮ ಜರ್ಮನ್ ಇನ್ನೂ ಕಲಿಕೆಯ ಹಂತದಲ್ಲಿದ್ದರೆ ಮನೆಯಲ್ಲಿ ಅದನ್ನೇ ಮಾತಾಡುವುದರಿಂದ ಮಗುವಿಗೆ ಸಿಗುವುದು ನಾಲ್ಕು ಬಡ ವಾಕ್ಯ. ಜರ್ಮನ್ನನ್ನು ಕಿಟಾ ಚೆನ್ನಾಗಿ ಕಲಿಸುತ್ತದೆ.

ಬೇರೆ ಓದುಗರಿಗೂ ಒಂದು ಮಾತು. 16 ತಿಂಗಳಾದರೂ ಯಾವ ಭಾಷೆಯಲ್ಲೂ ಒಂದು ಪದ ಬಾರದಿದ್ದರೆ, ಎರಡು ವರ್ಷಕ್ಕೆ ‘ಹಾಲು ಬೇಕು’ ಎನ್ನುವಂತೆ ಎರಡು ಪದ ಕೂಡಿಸದಿದ್ದರೆ ‘ಎರಡು ಭಾಷೆ ಅಲ್ವಾ, ನಿಧಾನ’ ಎಂದು ಕಾಯಬೇಡಿ. ಮೊದಲು ಕಿವಿ ಪರೀಕ್ಷೆ ಮಾಡಿಸಿ. ಕರ್ನಾಟಕದಲ್ಲಿರುವವರಿಗೆ ಮೈಸೂರಿನ ಮಾನಸಗಂಗೋತ್ರಿಯ ಅಖಿಲ ಭಾರತ ವಾಕ್ ಶ್ರವಣ ಸಂಸ್ಥೆ ಇದೆ.

ನಮ್ಮ ಕಾಲದಲ್ಲಿ ಇಪ್ಪತ್ತರವರೆಗೆ ಮಗ್ಗಿ ಬಾಯಿಪಾಠ. ಮೊಮ್ಮಗಳ ಶಾಲೆಯಲ್ಲಿ ಬಾಯಿಪಾಠ ಮಾಡಿಸಿದರೆ ಯೋಚನಾಶಕ್ತಿ ಹಾಳಾಗುತ್ತದೆ ಅನ್ನುತ್ತಾರೆ. ಯಾವುದು ಸರಿ?
— ಒಬ್ಬ ಅಜ್ಜ, ಧಾರವಾಡ

ಮಗ್ಗಿ ನಾಲಿಗೆ ತುದಿಯಲ್ಲಿ ಇರಬೇಕು ಎನ್ನುವ ನಿಮ್ಮ ಮಾತು ಸರಿ. ಮೊಮ್ಮಗಳು ಮುಂದೆ 5/7 ಮತ್ತು 3/8 ಕೂಡಬೇಕಾದಾಗ ಏಳೆಂಟ್ಲ 56, ಐದೆಂಟ್ಲ 40, ಮೂರೇಳ್ಲ 21 ತಕ್ಷಣ ಬರಬೇಕು. ಆಗ ಮನಸ್ಸು ‘ಛೇದ ಸಮ ಮಾಡುವುದು ಏಕೆ’ ಎನ್ನುವುದರ ಮೇಲೆ ನಿಲ್ಲುತ್ತದೆ. ಮನಸ್ಸು ಒಮ್ಮೆಗೆ ಹಿಡಿದಿಟ್ಟುಕೊಳ್ಳಬಲ್ಲದ್ದು ಸುಮಾರು ನಾಲ್ಕು ಸಂಗತಿ ಎನ್ನುವುದು ಮನೋವಿಜ್ಞಾನಿ ನೆಲ್ಸನ್ ಕೋವನ್ 2001ರಲ್ಲಿ ಮಾಡಿದ ಅಂದಾಜು. ಏಳೆಂಟ್ಲ ಎಷ್ಟು ಎಂದು ಬೆರಳೆಣಿಸುವ ಮಗುವಿಗೆ ಆ ನಾಲ್ಕೂ ಎಣಿಕೆಯಲ್ಲೇ ಖರ್ಚಾಗುತ್ತವೆ. ಮಗ್ಗಿ ಬಂದರೆ ಯೋಚಿಸಲು ಜಾಗ ಸಿಗುತ್ತದೆ.

ಬದಲಾಗಬೇಕಾದ್ದು ಕಲಿಸುವ ರೀತಿ. ‘ಏಳೊಂದ್ಲ ಏಳು, ಏಳೆರಡ್ಲ ಹದಿನಾಲ್ಕು’ ಎಂದು ರಾಗವಾಗಿ ಒಪ್ಪಿಸುವ ಮಗುವನ್ನು ಥಟ್ಟನೆ ಏಳೆಂಟ್ಲ ಕೇಳಿದರೆ ಮತ್ತೆ ಏಳೊಂದ್ಲದಿಂದ ಶುರುಮಾಡುತ್ತದೆ. ರಾಗ ಬಂದಿದೆ, ಮಗ್ಗಿ ಬಂದಿಲ್ಲ. 1ರಿಂದ 10ರವರೆಗೆ ನೂರು ಗುಣಾಕಾರ ಎಂದು ಹೆದರುವುದೂ ಬೇಡ. 1, 2, 5, 10ರ ಮಗ್ಗಿ ಬೇಗ ಬರುತ್ತವೆ. ಏಳೆಂಟ್ಲವೂ ಎಂಟೇಳ್ಲವೂ ಒಂದೇ ಎಂದು ಗೊತ್ತಾದರೆ ಉಳಿಯುವುದು 21 ಮಾತ್ರ. ದಿನಕ್ಕೆ ಮೂರು ಹೊಸದು, ಹಳೆಯ ಏಳೆಂಟರ ಜೊತೆ ಕಲಸಿ, ಕ್ರಮ ತಪ್ಪಿಸಿ ಐದು ನಿಮಿಷ ಕೇಳಿ. ಮರೆತಾಗ ಉತ್ತರ ಹೇಳಿಬಿಡದೆ ದಾರಿ ಹೇಳಿ: ಏಳ್ನಾಲ್ಕ್ಲ 28, ಅದರ ಎರಡರಷ್ಟು ಏಳೆಂಟ್ಲ. ಇಪ್ಪತ್ತರವರೆಗೆ ಬೇಕೇ ಬೇಕು ಎಂಬ ಹಟ ಬೇಡ. ಹತ್ತರವರೆಗಿನದು ಗಟ್ಟಿಯಿದ್ದರೆ 17×6 ಅನ್ನು 60 ಮತ್ತು 42 ಎಂದು ಬಿಡಿಸಿ ಕೂಡಿಕೊಳ್ಳುತ್ತಾಳೆ.

‘ಅರ್ಥ ಆಯ್ತಾ?’ ಎಂದರೆ ಇಡೀ ತರಗತಿ ‘ಆಯ್ತು ಸಾರ್’ ಎನ್ನುತ್ತದೆ. ಪರೀಕ್ಷೆಯಲ್ಲಿ ಏನೂ ಇಲ್ಲ.
— ಪ್ರೌಢಶಾಲಾ ಶಿಕ್ಷಕ, ಚಿಕ್ಕೋಡಿ

ಆ ಪ್ರಶ್ನೆಯನ್ನೇ ಬಿಟ್ಟುಬಿಡಿ ಸಾರ್. ಅದಕ್ಕೆ ಸಿಗುವ ಉತ್ತರ ಅದೊಂದೇ, ಅರ್ಥವಾಗಿದೆ ಎಂದು ಮಕ್ಕಳು ಪ್ರಾಮಾಣಿಕವಾಗಿ ನಂಬಿರಲೂಬಹುದು. ಬದಲಿಗೆ ವಿಷಯದ ಒಂದು ಪ್ರಶ್ನೆ ಕೇಳಿ, ಎಲ್ಲರೂ ಸ್ಲೇಟಿನಲ್ಲೋ ರಫ್ ಪುಸ್ತಕದಲ್ಲೋ ಬರೆದು ಒಟ್ಟಿಗೆ ಎತ್ತಿ ತೋರಿಸಲಿ. ಬಾಯಲ್ಲಿ ಕೇಳುವುದಾದರೆ ಮೊದಲು ಪ್ರಶ್ನೆ, ಆಮೇಲೆ ಹೆಸರು. ಹೆಸರು ಮೊದಲು ಹೇಳಿದರೆ ಉಳಿದವರು ಯೋಚನೆ ನಿಲ್ಲಿಸುತ್ತಾರೆ. ಪ್ರಶ್ನೆಗೂ ಹೆಸರಿಗೂ ನಡುವೆ ಮೂರು ಸೆಕೆಂಡಾದರೂ ಸುಮ್ಮನಿರಿ. ಶಿಕ್ಷಕರು ಸಾಮಾನ್ಯವಾಗಿ ಕಾಯುವುದು ಒಂದೇ ಸೆಕೆಂಡು ಎಂದು ಅಮೆರಿಕದ ಶಿಕ್ಷಣ ಸಂಶೋಧಕಿ ಮೇರಿ ಬಡ್ ರೋ 1970ರ ದಶಕದಲ್ಲೇ ತೋರಿಸಿದ್ದರು. ಮೂರಕ್ಕೆ ಏರಿಸಿದಾಗ ಉತ್ತರಗಳು ಉದ್ದವಾದವು, ಸುಮ್ಮನಿರುತ್ತಿದ್ದವರೂ ಬಾಯಿಬಿಟ್ಟರು.

ಎರಡನೇ ತರಗತಿಯ ಮಗ ಒತ್ತಕ್ಷರ ತಪ್ಪು ಬರೆಯುತ್ತಾನೆ. ತಪ್ಪಾದ ಪ್ರತಿ ಪದವನ್ನೂ ಹತ್ತು ಸಲ ಬರೆಸುತ್ತೇವೆ. ಹತ್ತೂ ಸರಿ ಬರೆದು ಮರುದಿನ ಉಕ್ತಲೇಖನದಲ್ಲಿ ಮತ್ತೆ ತಪ್ಪು. ಡಿಸ್ಲೆಕ್ಸಿಯಾ (ಓದು–ಬರಹದ ಕಲಿಕಾ ನ್ಯೂನತೆ) ಇರಬಹುದೆ?
— ಒಬ್ಬ ತಾಯಿ, ಕೋಲಾರ

ಅವನು ಹತ್ತು ಸಲ ಬರೆಯುವಾಗ ಪಕ್ಕದಲ್ಲಿ ಕೂತು ನೋಡಿ. ‘ಆಸ್ತಿ’ ಬರೆಯಲು ಹೇಳಿದರೆ ಹತ್ತು ಸಾಲಿಗೂ ಮೊದಲು ‘ಆ’ ಬರೆದುಕೊಂಡು ಕೆಳಗಿಳಿಯುವ ಮಕ್ಕಳು ಬಹಳ. ಆಮೇಲೆ ‘ಸ’ ಹತ್ತು, ಆಮೇಲೆ ಒತ್ತು ಹತ್ತು. ಪದ ಒಮ್ಮೆಯೂ ಅವರ ತಲೆಯಲ್ಲಿ ಹಾದುಹೋಗಿರುವುದಿಲ್ಲ. ಹಾಗೆ ಮಾಡದಿದ್ದರೂ ಎರಡನೇ ಸಾಲಿನಿಂದಾಚೆಗೆ ಮೇಲಿನದನ್ನು ನೋಡಿ ಇಳಿಸುವುದಷ್ಟೇ.

ಒತ್ತಕ್ಷರದಲ್ಲಿ ನಿಜವಾದ ತೊಡಕುಗಳಿವೆ, ಅವನ್ನು ಬಿಡಿಸಿ ಹೇಳಬೇಕು. ಕ, ಗ, ಚ ಮುಂತಾದವುಗಳ ಒತ್ತು ಮೂಲ ಅಕ್ಷರದಂತೆಯೇ ಕಾಣುತ್ತದೆ. ತ, ನ, ಮ, ಯ, ರ, ಲ ಈ ಆರರ ಒತ್ತು ಮೂಲದ ಹಾಗೆ ಕಾಣುವುದಿಲ್ಲ, ಇವನ್ನು ಪ್ರತ್ಯೇಕವಾಗಿ ಕಲಿಸಿ. ಇನ್ನು ‘ಆಸ್ತಿ’ ನೋಡಿ. ಕಿವಿಗೆ ಕೇಳುವುದು ಸ್, ತ್, ಇ. ಬರೆಯುವಾಗ ಗುಡಿಸು ಹೋಗಿ ಕೂರುವುದು ‘ಸ’ದ ತಲೆಯ ಮೇಲೆ, ಒತ್ತು ಬರುವುದು ಆಮೇಲೆ. ಕೇಳಿದ ಕ್ರಮದಲ್ಲೇ ಬರೆಯುವ ಮಗು ‘ಆಸತಿ’ ಬರೆಯುತ್ತದೆ. ‘ಸೂರ್ಯ’ದಲ್ಲಿ ಮೊದಲು ಕೇಳುವ ‘ರ್’ ಅರ್ಕಾವತ್ತಾಗಿ ಕೊನೆಗೆ ಹೋಗುತ್ತದೆ. ಈ ಮೂರು ಬಗೆಯಲ್ಲಿ ಅವನು ಯಾವುದರಲ್ಲಿ ಎಡವುತ್ತಾನೆ ಎಂದು ಒಂದು ವಾರದ ಉಕ್ತಲೇಖನ ನೋಡಿದರೆ ಗೊತ್ತಾಗುತ್ತದೆ.

ದಿನಕ್ಕೆ ಐದು ಪದ ಸಾಕು. ಪದವನ್ನು ನೋಡಲಿ, ಬಿಡಿಸಿ ಜೋರಾಗಿ ಹೇಳಲಿ, ಕೈಯಿಂದ ಮುಚ್ಚಲಿ, ನೋಡದೆ ಬರೆಯಲಿ, ಕೈ ತೆಗೆದು ತಾನೇ ತಾಳೆ ನೋಡಲಿ. ಒಂದು ಪದಕ್ಕೆ ಎರಡು ಸಲ ಆದರೆ ಮುಗಿಯಿತು. ಮರುದಿನ ಆ ಐದರ ಜೊತೆ ಹೊಸ ಐದು.

ಏಳು ವರ್ಷದವರೆಗೆ ಅಕ್ಷರ ತಿರುಗಮುರುಗಾ ಬರೆಯುವುದು, ಒತ್ತು ಬಿಡುವುದು ಬಹಳ ಮಕ್ಕಳಲ್ಲಿ ಸಾಮಾನ್ಯ, ಅದೊಂದೇ ಡಿಸ್ಲೆಕ್ಸಿಯಾದ ಗುರುತಲ್ಲ. ಕ್ರಮವಾಗಿ ಕಲಿಸಿಯೂ ಮೂರನೇ ತರಗತಿಯ ಕೊನೆಗೆ ‘ಮರ’, ‘ಹಾಲು’ ಥರದ ಸರಳ ಪದಗಳನ್ನೇ ಓದಲು ತಡಕಾಡಿದರೆ ಕಣ್ಣು, ಕಿವಿ ತೋರಿಸಿ, ನಂತರ ತಜ್ಞರಿಂದ ಕಲಿಕಾ ನ್ಯೂನತೆಯ ಪರೀಕ್ಷೆ ಮಾಡಿಸಿ. ನಿರ್ದಿಷ್ಟ ಕಲಿಕಾ ನ್ಯೂನತೆಯನ್ನು 2016ರ ವಿಕಲಚೇತನರ ಹಕ್ಕುಗಳ ಕಾಯ್ದೆ ಗುರುತಿಸಿದೆ. ಅದು ಬುದ್ಧಿಮಟ್ಟದ ಕೊರತೆಯೂ ಅಲ್ಲ, ಸೋಮಾರಿತನವೂ ಅಲ್ಲ.

ಹತ್ತನೇ ಕ್ಲಾಸ್ ಗಣಿತದಲ್ಲಿ ಅಭ್ಯಾಸದ ಲೆಕ್ಕ ಎಲ್ಲಾ ಸರಿ ಬರುತ್ತೆ. ಪರೀಕ್ಷೆಯಲ್ಲಿ ಯಾವ ಸೂತ್ರ ಹಾಕಬೇಕು ಅಂತಾನೇ ಗೊತ್ತಾಗಲ್ಲ. ಇನ್ನೂ ಜಾಸ್ತಿ ಲೆಕ್ಕ ಮಾಡಬೇಕಾ?
— ವಿದ್ಯಾರ್ಥಿ, ಶಿರಸಿ

ಅಷ್ಟೇ ಲೆಕ್ಕ ಮಾಡಪ್ಪಾ, ಕಲಸಿ ಮಾಡು. ಪುಸ್ತಕದ ಒಂದು ಅಭ್ಯಾಸದಲ್ಲಿ ಎಲ್ಲ ಲೆಕ್ಕವೂ ಒಂದೇ ಬಗೆಯವು. ಮೇಲೆ ‘ಘನಫಲ’ ಎಂದು ಬರೆದಿರುವುದರಿಂದ ಸೂತ್ರ ಆರಿಸುವ ಕೆಲಸ ಪುಸ್ತಕವೇ ಮಾಡಿಕೊಟ್ಟಿದೆ. ನಿನಗೆ ಉಳಿದದ್ದು ಸಂಖ್ಯೆ ಹಾಕುವುದು. ಪರೀಕ್ಷೆಯಲ್ಲಿ ಆರಿಸುವುದೇ ಮೊದಲ ಹೆಜ್ಜೆ, ಅದಕ್ಕೆ ನಿನಗೆ ಅಭ್ಯಾಸವೇ ಆಗಿಲ್ಲ.

ಡೌಗ್ ರೋರರ್ ಮತ್ತು ಕೆಲ್ಲಿ ಟೇಲರ್ 2007ರಲ್ಲಿ ಘನಾಕೃತಿಗಳ ಘನಫಲದ ಲೆಕ್ಕಗಳನ್ನೇ ಇಟ್ಟುಕೊಂಡು ನೋಡಿದರು. ಒಂದೊಂದು ಬಗೆಯನ್ನೂ ಸಾಲಾಗಿ ಮಾಡಿದವರಿಗೆ ಅಭ್ಯಾಸದ ಹೊತ್ತಿನಲ್ಲಿ ಶೇ 89 ಸರಿ, ಕಲಸಿ ಮಾಡಿದವರಿಗೆ ಶೇ 60. ವಾರದ ನಂತರದ ಪರೀಕ್ಷೆಯಲ್ಲಿ ಸಾಲಾಗಿ ಮಾಡಿದವರಿಗೆ ಬಂದದ್ದು ಶೇ 20, ಕಲಸಿದವರಿಗೆ ಶೇ 63. ಕಲಸಿ ಮಾಡುವಾಗ ಹೆಚ್ಚು ತಪ್ಪಾಗುತ್ತದೆ, ಅದಕ್ಕೆ ಹೆದರಬೇಡ.

ಹೊಸ ಪಾಠ ಬಂದ ದಿನ ಅದೇ ಬಗೆಯ ನಾಲ್ಕೈದು ಲೆಕ್ಕ ಸಾಲಾಗಿಯೇ ಮಾಡು, ಮೊದಲೇ ಕಲಸಿದರೆ ವಿಧಾನವೇ ತಲೆಗೆ ಹತ್ತುವುದಿಲ್ಲ. ಮರುದಿನದಿಂದ ಹಳೆಯ ಪಾಠಗಳ ಲೆಕ್ಕಗಳನ್ನು ಪಾಠದ ಹೆಸರಿಲ್ಲದೆ ಚೀಟಿಯಲ್ಲಿ ಬರೆದು ಡಬ್ಬಿಗೆ ಹಾಕು. ದಿನಾ ಎಂಟು ಚೀಟಿ ತೆಗೆ. ಬಿಡಿಸುವ ಮೊದಲು ಪ್ರತಿಯೊಂದರ ಪಕ್ಕ ಒಂದು ಸಾಲು ಬರೆ: ಏನು ಕೇಳಿದೆ, ಯಾವ ಸೂತ್ರ, ಏಕೆ. ಶಂಕುವಿನ ಆಕಾರದ ಡೇರೆ ಹೊಲಿಯಲು ಎಷ್ಟು ಬಟ್ಟೆ ಬೇಕು ಎಂದರೆ ವಕ್ರಮೇಲ್ಮೈ. ತಳಕ್ಕೆ ಬಟ್ಟೆ ಹಾಕುವುದಿಲ್ಲ, ಹಾಗಾಗಿ ಪೂರ್ಣ ಮೇಲ್ಮೈ ಅಲ್ಲ. ಅದೇ ಡೇರೆಯೊಳಗೆ ಎಷ್ಟು ಗಾಳಿ ಎಂದರೆ ಘನಫಲ. ಅದರ ಇಳಿಜಾರಿನ ಉದ್ದ ಕೊಡದೆ ಎತ್ತರ ಮತ್ತು ತ್ರಿಜ್ಯ ಕೊಟ್ಟಿದ್ದರೆ ಮೊದಲು ಪೈಥಾಗೊರಸ್ ಪ್ರಮೇಯ ಬೇಕು. ಸಮಯ ಕಡಿಮೆಯಿದ್ದ ದಿನ ಎಂಟಕ್ಕೂ ಆ ಒಂದೊಂದು ಸಾಲು ಬರೆದು, ಎರಡನ್ನು ಮಾತ್ರ ಪೂರ್ತಿ ಬಿಡಿಸು. ತಪ್ಪಾದ ಚೀಟಿಯನ್ನು ಮೂರು ದಿನ ಬಿಟ್ಟು ಮತ್ತೆ ಡಬ್ಬಿಗೆ ಹಾಕು.